ವೆಲ್ಶ್ ಕಪ್ 2023-24: ಐದಕ್ಕೆ ನಾಲ್ಕು ಸ್ಟಾರ್, ಒಂದು ಸ್ಟಾರ್ ಇಟ್ಕೊಂಡಿದೀನಿ

ಇದು ವೇಲ್ಸ್‌ನ ಫುಟ್‌ಬಾಲ್ ಕಪ್ಪಿನ ರಿವ್ಯೂ, ಮೊದ್ಲೇ ಹೇಳ್ಬಿಡ್ತೀನಿ, ಇದ್ರಲ್ಲಿ ರೆಕ್ಸಮ್ ಅನ್ನೋ ಫೇಮಸ್ ಟೀಮ್ ಇಲ್ಲ. ವೇಲ್ಸ್‌ನಲ್ಲಿ ಇದೀನಿ, ವೀಕೆಂಡ್ ಬಂದ್ರೆ ಲೋಕಲ್ ಫುಟ್‌ಬಾಲ್ ನೋಡಕ್ ಹೋಗ್ತೀನಿ ಅಂತ ಯಾರಿಗೇ ಹೇಳಿದ್ರೂ ಬರೋ ಮೊದಲ್ನೇ ಪ್ರಶ್ನೆ ಇದೇ, ಓ ಆ ಹಾಲಿವುಡ್‌ನೋರು ತಗೊಂಡ್ರಲ್ಲ ಆ ಟೀಮಾ, ರಾಯನ್ ರೆನಾಲ್ಡ್ಸ್ ಕಣ್ಣಿಗ್ ಬಿದ್ನಾ ಅಂತ. ಇಲ್ಲಪ್ಪ ಬಿದ್ದಿಲ್ಲ. ವೆಲ್ಶ್ ಕಪ್ ಅತಿ ಹೆಚ್ಚು ಸಲ ಗೆದ್ದಿರೋ ಟೀಮ್ ರೆಕ್ಸಮ್, 23 ಸಲ, ಅದಾದ್ಮೇಲೆ ಕಾರ್ಡಿಫ್ ಸಿಟಿ 22 ಸಲ, ಸ್ವಾನ್ಸೀ 10 ಸಲ, ಆದ್ರೆ ಈ ಮೂರೂ ಟೀಮು ಈಗ ಈ ಕಪ್ ಆಡಲ್ಲ. ಮದುವೆ ಮನೆಗೆ ಹೋದ್ರೆ ಗಂಡಿನ ಕಡೆಯೋರೇ ಬಂದಿಲ್ಲ ಅಂದಂಗೆ. ಆದ್ರೂ ಊಟ ಚೆನ್ನಾಗಿತ್ತು, ಅದನ್ನ ಹೇಳಕ್ಕೆ ಇದನ್ನ ಬರೀತಿರೋದು.

ನಾನು ಪೂರ್ತಿ ಒಂದು ಸೀಸನ್, 2023-24, ಶುರುವಿನ ರೌಂಡಿಂದ ಹಿಡಿದು ಫೈನಲ್‌ವರೆಗೂ ಫಾಲೋ ಮಾಡ್ದೆ, ಕೆಲವು ಗ್ರೌಂಡಿಗೆ ಹೋಗಿ, ಕೆಲವು ಟಿವೀಲಿ, ಒಂದೆರಡು ಬರೀ ಫೋನಲ್ಲಿ ಸ್ಕೋರ್ ರಿಫ್ರೆಶ್ ಮಾಡ್ಕೊಂಡು. ಯಾಕ್ ಶುರು ಮಾಡ್ದೆ ಅಂದ್ರೆ ಪ್ರೀಮಿಯರ್ ಲೀಗ್ ಮ್ಯಾಚಿನ ಟಿಕೆಟ್ ರೇಟು ನೋಡಿ ಎದೆ ಧಸಕ್ ಅಂತು, ಅಷ್ಟೇ, ದೊಡ್ಡ ಕಾರಣ ಏನಿಲ್ಲ. ಇಲ್ಲಿ 10 ಪೌಂಡ್ ಆಸುಪಾಸಲ್ಲಿ ಒಳಗ್ ಹೋಗ್ಬೋದು, ಸಣ್ಣ ಕ್ಲಬ್ಬಾದ್ರೆ ಅದಕ್ಕಿಂತ್ಲೂ ಕಮ್ಮಿ.

ಮೊದ್ಲು ಪ್ರಾಡಕ್ಟ್ ಏನು ಅಂತ ಹೇಳ್ಬೇಕಲ್ವಾ. ವೆಲ್ಶ್ ಭಾಷೇಲಿ ಕೂಪಾನ್ ಕಮ್ರಿ ಅಂತಾರೆ. ಜಗತ್ತಲ್ಲಿ ಇರೋ ನಾಕೌಟ್ ಫುಟ್‌ಬಾಲ್ ಕಪ್‌ಗಳಲ್ಲಿ ಇದು ವಯಸ್ಸಲ್ಲಿ ಮೂರನೇದು, ಇಂಗ್ಲೆಂಡಿನ ಎಫ್ಎ ಕಪ್ಪು, ಸ್ಕಾಟಿಶ್ ಕಪ್ಪು, ಆಮೇಲೆ ಇದು. ಶುರುವಾಗಿದ್ದು 1877ರಲ್ಲಿ, ಮೊದಲ್ನೇ ಫೈನಲ್ 1878ರ ಮಾರ್ಚಲ್ಲಿ ರೆಕ್ಸಮ್ಮಿನ ಆಕ್ಟನ್ ಪಾರ್ಕಲ್ಲಿ, ರೆಕ್ಸಮ್ ಟೀಮು ಡ್ರೂಯಿಡ್ಸ್ ಅನ್ನೋ ಟೀಮನ್ನ 1-0 ಸೋಲಿಸ್ತು. ಗೆದ್ರು ಸರಿ, ಕಪ್ ಎಲ್ಲಿ ಅಂದ್ರೆ ಕಪ್ಪೇ ಇಲ್ಲ! ಅಸೋಸಿಯೇಷನ್ ಹತ್ರ ದುಡ್ಡಿರ್ಲಿಲ್ಲ, ಟ್ರೋಫಿ ಕೈಗ್ ಬರಕ್ಕೆ ಮುಂದಿನ ವರ್ಷದವರೆಗೂ ಕಾಯ್ಬೇಕಾಯ್ತು. ಡೆಲಿವರಿ ಲೇಟು ಅಂತ ನಾವು ಇವತ್ತು ಕಂಪ್ಲೇಂಟ್ ಮಾಡ್ತೀವಲ್ಲ, ಇವ್ರು 19ನೇ ಶತಮಾನದಲ್ಲೇ ಮಾಡಿ ತೋರ್ಸಿದಾರೆ.

ಈಗ ರೆಕ್ಸಮ್ ಕಾರ್ಡಿಫ್ ಯಾಕಿಲ್ಲ ಅನ್ನೋದು. ದೊಡ್ಡ ವೆಲ್ಶ್ ಕ್ಲಬ್‌ಗಳು ಮೊದ್ಲಿಂದ್ಲೂ ಇಂಗ್ಲೆಂಡಿನ ಲೀಗಲ್ಲೇ ಆಡ್ಕೊಂಡು ಬಂದಿರೋದು, ಅಲ್ಲಿ ಲೀಗು ಇಲ್ಲಿ ಕಪ್ಪು, ಎರಡೂ ಕಡೆ ಕಾಲು. 1992ರಲ್ಲಿ ವೇಲ್ಸ್‌ದೇ ಒಂದು ಸ್ವಂತ ಲೀಗ್ ಮಾಡಿದ್ರು, ಆಮೇಲೆ 1995ರಿಂದ ಇಂಗ್ಲಿಶ್ ಲೀಗಲ್ಲಿ ಆಡೋರ್ಗೆ ಕಪ್ಪಿನ ಬಾಗಿಲು ಮುಚ್ಚಿದ್ರು. ಅವ್ರು ಆಡಿದ ಕೊನೇ ಫೈನಲ್ 1995ದು, ರೆಕ್ಸಮ್ 2, ಕಾರ್ಡಿಫ್ 1. ಮಧ್ಯದಲ್ಲಿ 2011-12ರಲ್ಲಿ ಒಂದ್ಸಲ ವಾಪಸ್ ಕರೆದ್ರು, ಆದ್ರೆ ಗೆದ್ರೂ ಯೂರೋಪಿಗೆ, ಅಂದ್ರೆ ಬೇರೆ ದೇಶದ ಕ್ಲಬ್‌ಗಳ ಜೊತೆ ಆಡೋ ಯೂರೋಪಿಯನ್ ಟೂರ್ನಮೆಂಟಿಗೆ, ಹೋಗಂಗಿಲ್ಲ ಅಂತ ಕಂಡೀಷನ್ನು, ಅಲ್ಲಿಗೆ ಆ ಕಥೆ ಮುಗೀತು. ಅದಕ್ಕೂ ಹಿಂದೆ ಇನ್ನೂ ಮಜಾ ಇತ್ತಂತೆ, ಗಡಿ ಪಕ್ಕದ ಇಂಗ್ಲಿಶ್ ಕ್ಲಬ್‌ಗಳೂ ಇದ್ರಲ್ಲಿ ಆಡೋವು, ಶ್ರೂಸ್‌ಬರಿ ಟೌನ್ 6 ಸಲ ಗೆದ್ದಿದೆ, 1934ರಲ್ಲಿ ಬ್ರಿಸ್ಟಲ್ ಸಿಟಿ ಗೆದ್ದಿದೆ, ಮಾರನೇ ವರ್ಷ ಟ್ರಾನ್ಮಿಯರ್ ರೋವರ್ಸ್. ಇನ್ನೊಂದು ತಮಾಷೆ, ಇಂಗ್ಲಿಶ್ ಟೀಮ್ ಗೆದ್ರೆ ಯೂರೋಪಿಗೆ ಹೋಗ್ತಿದ್ದಿದ್ದು ಸೋತ ವೆಲ್ಶ್ ಟೀಮು. 1990ರಲ್ಲಿ ಹೆರಿಫರ್ಡ್ ಗೆದ್ದು ಕಪ್ ಮನೆಗ್ ತಗೊಂಡ್ ಹೋಯ್ತು, ಸೋತ ರೆಕ್ಸಮ್ ಯೂರೋಪಿಗ್ ಹೋಗಿ ಎರಡ್ನೇ ರೌಂಡಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಜೊತೆ ಆಡ್ತು. ಸೋತೋನಿಗೆ ಬಿರಿಯಾನಿ, ಗೆದ್ದೋನಿಗೆ ಖಾಲಿ ಪಾತ್ರೆ.

ಸರಿ, ಎಕ್ಸ್‌ಪೀರಿಯನ್ಸಿಗೆ ಬರ್ತೀನಿ.

ಶುರುವಿನ ರೌಂಡಿಗೆ ನಾನು ಹೋಗಿದ್ದು ಸೌತ್ ವೇಲ್ಸ್‌ನ ವ್ಯಾಲಿಗಳಲ್ಲಿರೋ ಒಂದು ಗ್ರೌಂಡಿಗೆ, ಹಳೇ ಕಲ್ಲಿದ್ದಲು ಊರು, ಬೆಟ್ಟದ ಮೈಮೇಲೆ ಸಾಲು ಮನೆ, ಕೆಳಗಡೆ ತಟ್ಟೆ ಇಟ್ಟಂಗೆ ಒಂದು ಮೈದಾನ. ಗೇಟಲ್ಲಿ ಒಬ್ರು ವಯಸ್ಸಾದೋರು ಮಡಚೋ ಟೇಬಲ್ ಹಾಕ್ಕೊಂಡು ಬಿಸ್ಕೆಟ್ ಡಬ್ಬದಲ್ಲಿ ಚಿಲ್ಲರೆ ಇಟ್ಕೊಂಡು ಕೂತಿದ್ರು, ಕಾರ್ಡ್ ತಗೊಳ್ತೀರಾ ಅಂದಿದ್ದಕ್ಕೆ ಮಿಶೀನ್ ಇದೆ ಆದ್ರೆ ಬೆಟ್ಟ ಅಡ್ಡ ಬರತ್ತೆ ಸಿಗ್ನಲ್ ಸಿಗಲ್ಲ ಅಂದ್ರು. ಹತ್ತು ನಿಮಿಷ ಆದ್ಮೇಲೆ ಲೌಡ್‌ಸ್ಪೀಕರಲ್ಲಿ ಟೀಮ್ ಹೆಸರು ಓದ್ತಿದ್ದ ದನಿ ಕೇಳಿದ್ರೆ ಅದೇ ಯಜಮಾನ್ರು. ಹಾಫ್ ಟೈಮಲ್ಲಿ ರ‍್ಯಾಫಲ್ ಟಿಕೆಟ್ ಮಾರಕ್ಕೆ ಬಂದಿದ್ದೂ ಅವ್ರೇ. ಇನ್ನೇನು ಎರಡ್ನೇ ಹಾಫಲ್ಲಿ ಲೆಫ್ಟ್ ಬ್ಯಾಕೂ ಇವ್ರೇ ಆಡ್ತಾರೇನೋ ಅನ್ಕೊಂಡೆ.

ಸ್ಟ್ಯಾಂಡ್ ಅಂದ್ರೆ ತಗಡಿನ ಶೀಟಿನ ಕೆಳಗೆ ನಾಲ್ಕು ಸಾಲು ಸೀಟು, ಮಿಕ್ಕಿದ್ ಕಡೆ ಎಲ್ಲ ಕಂಬಿ ಹಿಡ್ಕೊಂಡು ನಿಲ್ಲೋದು. ಆದ್ರೆ ಕಂಬಿಯಿಂದ ಟಚ್‌ಲೈನಿಗೆ ಎರಡು ಹೆಜ್ಜೆ ಅಷ್ಟೇ, ಅದೇ ಇಲ್ಲಿನ ಸ್ಪೆಷಲ್ಲು. ವಿಂಗರ್ ಓಡ್ಬಂದ್ರೆ ಅವ್ನ ಉಸಿರು ಕೇಳ್ಸತ್ತೆ, ಎರಡು ಮೊಣಕಾಲು ಡಿಕ್ಕಿ ಹೊಡೆದ್ರೆ ತೆಂಗಿನಕಾಯಿ ಒಡೆದಂಗೆ ಸೌಂಡು, ಕೋಚ್ ಬೈಗುಳ ಒಂದೂ ಮಿಸ್ಸಾಗಲ್ಲ. ಟಿವೀಲಿ ಯಾವತ್ತೂ ಗೊತ್ತಾಗ್ದೇ ಇರೋ ವಿಷ್ಯ ಏನಂದ್ರೆ ಫುಟ್‌ಬಾಲ್ ಪ್ಲೇಯರ್‌ಗಳು ಎಷ್ಟ್ ಮಾತಾಡ್ತಾರೆ ಅಂತ, ತೊಂಬತ್ತು ನಿಮಿಷ ಬಾಯಿ ಮುಚ್ಚಲ್ಲ ಪುಣ್ಯಾತ್ಮರು. ಹೋಮ್ ಟೀಮಿನ ಗೋಲ್‌ಕೀಪರ್ ಬಂದಿದ್ದು ಮೇಲ್ಗಡೆ ಏಣಿ ಕಟ್ಟಿರೋ ಕೆಲಸದ ವ್ಯಾನಲ್ಲಿ, ಅದನ್ನ ಕಾರ್ನರ್ ಫ್ಲ್ಯಾಗ್ ಹಿಂದೆ ಪಾರ್ಕ್ ಮಾಡಿದ್ದ, ಮೊದಲ್ನೇ ಹಾಫಲ್ಲಿ ಯಾರೋ ಹೊಡೆದ ಶಾಟ್ ಗೋಲ್ ಬಿಟ್ಟು ನೇರ ಹೋಗಿ ಆ ವ್ಯಾನಿಗೇ ಬಡೀತು. ಅಷ್ಟೂ ಜನ ಒಟ್ಟಿಗೆ ಚಪ್ಪಾಳೆ. ಅವ್ನು ತಿರುಗಿ ವ್ಯಾನ್ ಕಡೆ ನೋಡಿ, ತಲೆ ಅಲ್ಲಾಡ್ಸಿ, ಗೋಲ್ ಕಿಕ್ ತಗೊಂಡ. ನನ್ ಪ್ರಕಾರ 10 ಪೌಂಡು ಅಲ್ಲಿಗೇ ವಸೂಲಾಯ್ತು.

ಊಟದ ವಿಷ್ಯ. ಪೈ ಸಿಗತ್ತೆ, ಚಿಪ್ಸ್ ಸಿಗತ್ತೆ, ಅದ್ರ ಮೇಲೆ ಗ್ರೇವಿನೋ ಇಲ್ಲಾ ಕರಿ ಸಾಸ್ ಅಂತ ಹಳದಿ ಬಣ್ಣದ ಒಂದು ದ್ರವನೋ ಹಾಕ್ತಾರೆ. ಕರಿ ಅಂತ ಹೆಸರಿಟ್ಟಿದಾರೆ ಅಷ್ಟೇ, ನಮ್ಮೋರ್ ನಾಲಿಗೆಗೆ ಅದು ಏನೂ ಅಲ್ಲ, ಆದ್ರೆ ಜನವರಿ ರಾತ್ರಿ ಗಾಳಿ ಕಿವಿ ಕಚ್ತಿರುವಾಗ ಆ ಬಿಸಿ ಡಬ್ಬಾನ ಎರಡೂ ಕೈಲಿ ಹಿಡ್ಕೊಂಡ್ರೆ ಸ್ವರ್ಗ, ತಿನ್ನಕ್ಕಿಂತ ಹಿಡ್ಕೊಳಕ್ಕೆ ಚೆನ್ನಾಗಿದೆ. ವೆಜಿಟೇರಿಯನ್ನೋರು ಚೀಸ್ ಈರುಳ್ಳಿ ಪಾಸ್ಟಿ ಇದ್ಯಾ ಕೇಳಿ, ಬೇಗ ಖಾಲಿಯಾಗತ್ತೆ, ಕಿಕ್ಕಾಫಿಗ್ ಮುಂಚೆನೇ ತಗೊಂಬಿಡಿ. ಬೋವ್ರಿಲ್ ಅಂತ ಒಂದು ಕರಿ ಡ್ರಿಂಕ್ ಇರತ್ತೆ, ಟೀ ಅನ್ಕೊಂಡ್ ತಗೋಬೇಡಿ, ಅದು ದನದ ಮಾಂಸದ ರಸ, ಗೊತ್ತಿಲ್ದೆ ಬಾಯಿಗಿಟ್ಟೋರ ಮುಖ ನಾನು ನೋಡಿದೀನಿ.

ಇನ್ನು ಕಂಪ್ಲೇಂಟು. ಚಳಿಗಾಲದಲ್ಲಿ ಒಂದು ಮ್ಯಾಚಿಗೆ ಒಂದೂವರೆ ಗಂಟೆ ಡ್ರೈವ್ ಮಾಡ್ಕೊಂಡು ಹೋದೆ, ಮಿಡ್ ವೇಲ್ಸ್ ಕಡೆ, ಕ್ಲಬ್ ಹೆಸರು ಹೇಳಲ್ಲ, ಪಾಪದೋರು. ರಾತ್ರಿ ಎಲ್ಲ ಮಳೆ. ಹೋಗಿ ನೋಡಿದ್ರೆ ರೆಫರಿ ಪಿಚ್ ಮಧ್ಯ ನಿಂತ್ಕೊಂಡು ಬಾಲನ್ನ ಎದೆ ಮಟ್ಟದಿಂದ ಬಿಟ್ಟು ನೋಡ್ತಿದಾನೆ, ಪುಟಿಯುತ್ತಾ ಅಂತ. ಪುಟೀಲಿಲ್ಲ. ಪಚಕ್ ಅಂತ ಅಲ್ಲೇ ಕೂತ್ಕೊಂಬಿಡ್ತು, ಸಗಣಿ ಉಂಡೆ ಥರ. ನಾಲ್ಕು ಜಾಗದಲ್ಲಿ ಟ್ರೈ ಮಾಡ್ದ, ನಾಲ್ಕೂ ಕಡೆ ಪಚಕ್. ಮ್ಯಾಚ್ ಪೋಸ್ಟ್‌ಪೋನ್. ಕ್ಲಬ್ಬಿನ ಸೋಶಿಯಲ್ ಮೀಡಿಯಾ ಪೇಜಲ್ಲಿ ಆ ಸುದ್ದಿ ಬಂದಿದ್ದು ನಾನು ಕಾರ್ ವಾಪಸ್ ತಿರುಗ್ಸಿ ಅರ್ಧ ದಾರಿ ಬಂದ್ಮೇಲೆ. ಬೆಟ್ಟದ ಮೇಲಿನ ಕುರಿಗಳು ನನ್ನೇ ನೋಡಿ ನಗ್ತಿದಾವೆ ಅನ್ನಿಸ್ತು. ಒಂದು ಸ್ಟಾರ್ ಹೋಗಿದ್ರಲ್ಲಿ ಅರ್ಧ ಇದಕ್ಕೆ. ಬಾಲಾ, ಟಿಎನ್‌ಎಸ್ ಥರದ ಕೆಲವು ಕ್ಲಬ್‌ಗಳ ಹತ್ರ ತ್ರೀಜಿ ಪಿಚ್ ಇದೆ, ಅಂದ್ರೆ ಪ್ಲಾಸ್ಟಿಕ್ ಹುಲ್ಲು, ಅಲ್ಲಿ ಈ ರಿಸ್ಕ್ ಕಮ್ಮಿ. ಆದ್ರೆ ಕೆಸರಿಲ್ದೆ ಕಪ್ ಮ್ಯಾಚ್ ಏನ್ ಚೆಂದ ಅನ್ನೋರೂ ಇದಾರೆ, ಅವ್ರ ಬಟ್ಟೆ ಯಾರ್ ಒಗೀತಾರೋ ಗೊತ್ತಿಲ್ಲ.

ಮನೇಲಿ ಕೂತು ನೋಡೋರಿಗೆ ಎಸ್‌ಫೋರ್‌ಸಿ ಅನ್ನೋ ವೆಲ್ಶ್ ಭಾಷೆ ಚಾನಲ್ಲಿದೆ, ಅದ್ರಲ್ಲಿ ಸ್ಗೋರಿಯೊ ಅಂತ ಫುಟ್‌ಬಾಲ್ ಪ್ರೋಗ್ರಾಮು, 1988ರಿಂದ ನಡೀತಿದೆ. ಕಾಮೆಂಟರಿ ವೆಲ್ಶಲ್ಲಿ. ನಂಗೆ ಮೊದ್ಲು ಒಂದಕ್ಷರ ಅರ್ಥ ಆಗ್ತಿರ್ಲಿಲ್ಲ, ಮ್ಯೂಟ್ ಮಾಡ್ಬೇಕು ಅನ್ನಿಸ್ತು, ಆದ್ರೆ ಮಾಡ್ಲಿಲ್ಲ, ಯಾಕಂದ್ರೆ ಸ್ವಂತ ಭಾಷೇಲಿ ಕಾಮೆಂಟರಿ ಕೇಳೋ ಖುಷಿ ಏನು ಅಂತ ರೇಡಿಯೋಲಿ ಕನ್ನಡ ಕಾಮೆಂಟರಿ ಕೇಳಿದೋರಿಗೆ ಗೊತ್ತು. ಮೂರ್ನಾಲ್ಕು ಮ್ಯಾಚ್ ಆದ್ಮೇಲೆ ಪದಗಳು ತಾನಾಗೇ ಕಿವಿಗ್ ಅಂಟ್ಕೊಂಡ್ವು. ಗೋಲಿಗೆ ಗೋಲ್ ಅಂತ್ಲೇ, ಗೋಲ್‌ಕೀಪರ್ ಅಂದ್ರೆ ಗೊಲೂರ್, ಕಾರ್ನರ್ ಕಿಕ್ ಅಂದ್ರೆ ಕಿಕ್ ಗೋರ್ನೆಲ್, ರೆಫರಿ ಅಂದ್ರೆ ದವಾರ್ನೂರ್. ಗೊಲೂರು, ದವಾರ್ನೂರು, ಎರಡೂ ಕೇಳಕ್ಕೆ ತಾಲ್ಲೂಕು ಬಸ್‌ಸ್ಟ್ಯಾಂಡಲ್ಲಿ ಕಂಡಕ್ಟರ್ ಕೂಗೋ ಊರಿನ ಹೆಸರಿನ ಥರನೇ ಇದೆ. ಊರುಗಳ ಹೆಸರು ಮಾತ್ರ ಇನ್ನೂ ಬಾಯಿಗೆ ಬರ್ತಿಲ್ಲ, ಲನೆಲ್ಲಿ ಅನ್ನೋ ಊರಲ್ಲಿ ಎರಡು ಸಲ ಬರೋ ಆ ಸೌಂಡು ನಮ್ ಲ-ನೂ ಅಲ್ಲ ಳ-ನೂ ಅಲ್ಲ, ನಾಲಿಗೇನ ಲ ಹೇಳೋ ಜಾಗದಲ್ಲಿಟ್ಟು ಪಕ್ಕದಿಂದ ಗಾಳಿ ಊದ್ಬೇಕಂತೆ, ನಾನ್ ಊದಿದ್ರೆ ಬರೀ ಉಗುಳು ಬರತ್ತೆ.

ಈ ಕಪ್ಪಿನ ನಿಜವಾದ ಮಜಾ ಇರೋದು ಯೂರೋಪಲ್ಲಿ. ಗೆದ್ದೋರಿಗೆ ಯೂರೋಪಿಯನ್ ಟಿಕೆಟ್ ಸಿಗತ್ತೆ, ಮೊದ್ಲು ಕಪ್ ವಿನ್ನರ್ಸ್ ಕಪ್ ಇತ್ತು, ಈಗ ಕಾನ್ಫರೆನ್ಸ್ ಲೀಗ್ ಕ್ವಾಲಿಫೈಯಿಂಗು. ಕ್ಲಬ್‌ಹೌಸಲ್ಲಿ ಬಿಯರ್ ಹಿಡ್ಕೊಂಡ್ ಕೂತಿರೋ ಹಿರಿಯರನ್ನ ಬ್ಯಾಂಗರ್ ಅಂತ ಒಂದು ಪದ ಹೇಳಿ ಕೆಣಕಿ, ಒಂದು ಗಂಟೆ ಕಥೆ ಫ್ರೀ. 1962ರಲ್ಲಿ ಬ್ಯಾಂಗರ್ ಸಿಟಿ ಫೈನಲಲ್ಲಿ ರೆಕ್ಸಮ್ಮನ್ನ ಸೋಲಿಸಿ ಕಪ್ ಗೆದ್ದು ಯೂರೋಪಿಗ್ ಹೋಯ್ತು. ಲಾಟಲ್ಲಿ ಯಾರ್ ಸಿಕ್ಕಿದ್ರು ಅಂದ್ರೆ ಇಟಲಿಯ ನಾಪೋಲಿ. ಒಂದ್ ಕಡೆ ದಿನಾ ಕೆಲಸಕ್ ಹೋಗಿ ಸಾಯಂಕಾಲ ಪ್ರಾಕ್ಟೀಸ್ ಮಾಡೋ ಹುಡುಗ್ರು, ಇನ್ನೊಂದ್ ಕಡೆ ನಾಪೋಲಿ. ಫರಾರ್ ರೋಡ್ ಅನ್ನೋ ಪುಟ್ಟ ಗ್ರೌಂಡಲ್ಲಿ ಬ್ಯಾಂಗರ್ 2-0 ಗೆಲ್ತು! ಅಲ್ಲಿ ಹೋಗಿ 3-1 ಸೋತ್ರು. ಒಟ್ಟು 3-3. ಆಮೇಲೆ ಬಂತಲ್ಲ ಅವೇ ಗೋಲ್ ರೂಲು, ಎದುರಾಳಿ ಊರಲ್ಲಿ ಹೊಡೆದ ಗೋಲಿಗೆ ಜಾಸ್ತಿ ಬೆಲೆ ಅಂತ, ಅದು ಆಗ ಇದ್ದಿದ್ರೆ ಬ್ಯಾಂಗರ್ ಮುಂದಿನ ರೌಂಡಿಗೆ ಹೋಗ್ಬಿಡ್ತಿತ್ತು. ಇರ್ಲಿಲ್ಲ. ಲಂಡನ್ನಿನ ಹೈಬರಿಯಲ್ಲಿ ಮೂರನೇ ಮ್ಯಾಚ್ ಆಡ್ಸಿದ್ರು, ನಾಪೋಲಿ 2-1 ಗೆಲ್ತು. ಕಥೆ ಹೇಳೋರು ಈಗ್ಲೂ ಆ 2-1 ಬಂದಾಗ ಗ್ಲಾಸ್ ಟೇಬಲ್ ಮೇಲೆ ಇಟ್ಬಿಡ್ತಾರೆ.

ಮಾರನೇ ವರ್ಷ ಕಪ್ ಗೆದ್ದಿದ್ದು ಬರೋ ಯುನೈಟೆಡ್ ಅನ್ನೋ ಕ್ಲಬ್ಬು, ಲಾಂಡಿಡ್ನೋ ಜಂಕ್ಷನ್ ಅನ್ನೋ ರೈಲ್ವೆ ಊರಿನ ಟೀಮು, ಇವ್ರು ಮಾಲ್ಟಾದ ಸ್ಲೀಮಾ ವಾಂಡರರ್ಸನ್ನ ಹೊರಗಟ್ಟಿದ್ರು. ಯೂರೋಪಲ್ಲಿ ಒಂದು ರೌಂಡ್ ಗೆದ್ದ ಮೊದಲ್ನೇ ವೆಲ್ಶ್ ಟೀಮ್ ಕಾರ್ಡಿಫೂ ಅಲ್ಲ ರೆಕ್ಸಮ್ಮೂ ಅಲ್ಲ, ಇವ್ರು. ಆ ಕ್ಲಬ್ ಆ ದಶಕ ಮುಗಿಯೋದ್ರಲ್ಲೇ ಮುಚ್ಚೋಯ್ತು. 1987ರಲ್ಲಿ ಮರ್ಥರ್ ಟಿಡ್ವಿಲ್ ಟೀಮು ಇಟಲಿಯ ಅಟಲಾಂಟಾನ 2-1 ಸೋಲಿಸ್ತು ತನ್ನ ಗ್ರೌಂಡಲ್ಲಿ, ವಾಪಸ್ ಮ್ಯಾಚಲ್ಲಿ 2-0 ಸೋತು ಹೊರಬಿತ್ತು. ಆ ಅಟಲಾಂಟಾ ಆ ಸಲ ಸೆಮಿಫೈನಲ್‌ವರೆಗೂ ಹೋಯ್ತು. ಇತ್ತೀಚಿನದು ಬೇಕಂದ್ರೆ 2013ರಲ್ಲಿ ಪ್ರೆಸ್ಟಾಟಿನ್ ಟೌನ್ ಕಪ್ ಗೆದ್ದು ಲಾಟ್ವಿಯಾದ ಟೀಮನ್ನ ಪೆನಾಲ್ಟಿಲಿ ಮಣಿಸಿದ್ದು. ಹಿಂಗೆ ಸಮುದ್ರದ ಪಕ್ಕದ ಒಂದು ಪುಟಾಣಿ ಊರು ಆರು ಮ್ಯಾಚ್ ಚೆನ್ನಾಗ್ ಆಡಿದ್ರೆ ಮುಂದಿನ ಜುಲೈಲಿ ಏರ್‌ಪೋರ್ಟಲ್ಲಿರ್ಬೋದು, ಲೀಗಲ್ಲಿ ಅದು ಆಗಲ್ಲ.

ಯಾಕ್ ಆಗಲ್ಲ ಅಂದ್ರೆ ಟಿಎನ್‌ಎಸ್.

ಇವ್ರ ಬಗ್ಗೆ ಹೇಳ್ದೆ ರಿವ್ಯೂ ಮುಗಿಯಲ್ಲ. ಲ್ಲಾನ್‌ಸಾಂಟ್‌ಫ್ರೈಡ್ ಅನ್ನೋ ಹಳ್ಳಿ ಟೀಮು, ಟೋಟಲ್ ನೆಟ್‌ವರ್ಕ್ ಸೊಲ್ಯೂಷನ್ಸ್ ಅನ್ನೋ ಕಂಪ್ಯೂಟರ್ ಕಂಪನಿ ಸ್ಪಾನ್ಸರ್ ಮಾಡಿ ಅದ್ರ ಹೆಸರನ್ನೇ ಟೀಮಿಗ್ ಇಟ್ರು, 2003ರಲ್ಲಿ ಗಡಿ ಆಚೆಯ ಓಸ್ವೆಸ್ಟ್ರಿ ಟೌನ್ ಜೊತೆ ವಿಲೀನ ಆದ್ರು, ಆಮೇಲೆ ಕಂಪನಿ ಮಾರಾಟ ಆಯ್ತು, ಹೆಸರು ಹೋಯ್ತು, ಆದ್ರೆ ಇನಿಶಿಯಲ್ ಉಳಿಸ್ಕೋಬೇಕಲ್ಲ, ಅದಕ್ಕೆ ದ ನ್ಯೂ ಸೇಂಟ್ಸ್ ಅಂತ ಮಾಡ್ಕೊಂಡ್ರು. ಈಗ ಗ್ರೌಂಡಿರೋದು ಓಸ್ವೆಸ್ಟ್ರಿಯ ಪಾರ್ಕ್ ಹಾಲ್, ಅಂದ್ರೆ ಇಂಗ್ಲೆಂಡಲ್ಲಿ! ವೇಲ್ಸ್ ಒಳಗಿರೋ ರೆಕ್ಸಮ್ ಇಂಗ್ಲೆಂಡ್ ಲೀಗಲ್ಲಿ, ಇಂಗ್ಲೆಂಡ್ ಒಳಗಿರೋ ಟಿಎನ್‌ಎಸ್ ವೇಲ್ಸ್ ಲೀಗಲ್ಲಿ. ಮಗಳು ಅತ್ತೆ ಮನೇಲಿ, ಸೊಸೆ ತವರಲ್ಲಿ. ಮಿಕ್ಕ ಟೀಮ್‌ಗಳಲ್ಲಿ ಟೀಚರ್ರು ಪ್ಲಂಬರ್ರು ಆಡ್ತಿದ್ರೆ ಇವ್ರು ಫುಲ್ ಟೈಮ್ ಪ್ರೊಫೆಷನಲ್ಲು, ಹಂಗಾಗಿ ಲೀಗು ಸುಮಾರಾಗಿ ಇವ್ರ ಮನೆ ಅಂಗಳ.

2023-24ರಲ್ಲಂತೂ ಹದ್ದು ಮೀರ್ಬಿಟ್ರು. ಲೀಗಲ್ಲಿ ಒಂದೇ ಒಂದು ಮ್ಯಾಚ್ ಸೋಲ್ಲಿಲ್ಲ, ಇಡೀ ಸೀಸನ್. ಲೀಗ್ ಕಪ್ ಫೈನಲಲ್ಲಿ ಸ್ವಾನ್ಸೀಯ ಹುಡುಗ್ರ ಟೀಮಿಗೆ ಐದು ಗೋಲ್ ಹೊಡೆದ್ರು. ಸಾಲ್ದು ಅಂತ ಸ್ಕಾಟ್ಲೆಂಡಿನ ಚಾಲೆಂಜ್ ಕಪ್ಪಲ್ಲಿ ಅತಿಥಿ ಟೀಮಾಗಿ ಹೋಗಿ ಅಲ್ಲೂ ಫೈನಲ್ ತಲುಪಿದ್ರು, ಮಾರ್ಚಲ್ಲಿ ಏರ್‌ಡ್ರಿ ಟೀಮ್ ಕೈಲಿ 2-1 ಸೋತ್ರು. ಮನೆ ಇಂಗ್ಲೆಂಡಲ್ಲಿ, ಲೀಗ್ ವೇಲ್ಸಲ್ಲಿ, ಫೈನಲ್ ಸ್ಕಾಟ್ಲೆಂಡಲ್ಲಿ, ಪಾಸ್‌ಪೋರ್ಟ್ ಆಫೀಸರ್ಗೆ ತಲೆನೋವು. ವೆಲ್ಶ್ ಕಪ್ ಹಿಂದಿನ ಎರಡು ಸಲನೂ ಇವ್ರದೇ, 2023ರ ಫೈನಲಲ್ಲಂತೂ ಬಾಲಾನ 6-0 ಒರೆಸಿ ಹಾಕಿದ್ರು. ಹಿಂಗಿರುವಾಗ ಸೀಸನ್ ಅರ್ಧಕ್ಕೆ ಬಂದಾಗ್ಲೇ ನಂಗೆ ಬೋರ್ ಶುರುವಾಗಿತ್ತು, ನಿಜ ಹೇಳ್ತೀನಿ. ಕ್ಲೈಮ್ಯಾಕ್ಸ್ ಗೊತ್ತಿರೋ ಸಿನಿಮಾ. ಯಾರ್ ಜೊತೆ ಯಾರು ಅಂತ ಲಾಟ್ ಎತ್ತಿದಾಗೆಲ್ಲ ಜನ ನೋಡೋದು ಒಂದೇ, ಟಿಎನ್‌ಎಸ್‌ಗೆ ಯಾರ್ ಬಲಿ ಅಂತ. ಫೈನಲಿಗೆ ಹೋಗ್ಬೇಕಾ ಬೇಡ್ವಾ ಅಂತ ಹಿಂದಿನ ರಾತ್ರಿವರೆಗೂ ಯೋಚ್ನೆ ಮಾಡ್ದೆ.

ಫೈನಲ್ ಏಪ್ರಿಲ್ 28, ನ್ಯೂಪೋರ್ಟಿನ ರಾಡ್ನಿ ಪರೇಡು. ಆಡೋ ಟೀಮು ಟಿಎನ್‌ಎಸ್ ಮತ್ತೆ ಕೊನಾಸ್ ಕೀ ನೊಮ್ಯಾಡ್ಸ್. ಈಗ ಮ್ಯಾಪ್ ತೆಗೆದು ನೋಡಿ. ಎರಡೂ ಟೀಮು ಬಡಗಣ ಕಡೆಯೋರು, ನೊಮ್ಯಾಡ್ಸ್ ಅಂತೂ ಡೀ ನದಿ ಪಕ್ಕ, ಮೇಲ್ಗಡೆ ಮೂಲೇಲಿ. ಫೈನಲ್ ಇಟ್ಟಿರೋದು ಕೆಳಗಡೆ ಮೂಲೇಲಿ. ವೇಲ್ಸ್ ಮೇಲಿಂದ ಕೆಳಗ್ ರೈಲಲ್ಲಿ ಬರ್ಬೇಕಂದ್ರೆ ವೇಲ್ಸ್ ಒಳಗೇ ಬರಕ್ ದಾರಿನೇ ಇಲ್ಲ, ಇಂಗ್ಲೆಂಡಿಗೆ ನುಗ್ಗಿ ಶ್ರೂಸ್‌ಬರಿ, ಹೆರಿಫರ್ಡ್ ಮೇಲೆ ಸುತ್ಕೊಂಡು ಬರ್ಬೇಕು. ಅಂದ್ರೆ ವೆಲ್ಶ್ ಕಪ್ ಫೈನಲ್ ನೋಡಕ್ಕೆ ವೆಲ್ಶ್ ಫ್ಯಾನ್ಸು ಅರ್ಧ ದಿನ ಇಂಗ್ಲೆಂಡಲ್ಲಿ ಕಳೀಬೇಕು. ಇದೆಂಥಾ ಪ್ಲಾನಿಂಗ್ ಮಾರಾಯ್ರೆ. ಸ್ಟಾರಿನ ಇನ್ನರ್ಧ ಇದಕ್ಕೇ ಕಟ್ಟು. ಜಾಗ ಮೊದ್ಲೇ ಫಿಕ್ಸ್ ಮಾಡ್ಬೇಕಾಗತ್ತೆ, ಯಾರು ಫೈನಲಿಗೆ ಬರ್ತಾರೆ ಅಂತ ಯಾರಿಗ್ ಗೊತ್ತಿರತ್ತೆ ಅಂತ ಒಬ್ರು ಹೇಳಿದ್ರು. ಟಿಎನ್‌ಎಸ್ ಬರತ್ತೆ ಅಂತ ಎಲ್ರಿಗೂ ಗೊತ್ತಿತ್ತಲ್ಲ ಸ್ವಾಮಿ.

ಗ್ರೌಂಡ್ ಮಾತ್ರ ನಂಗೆ ಇಷ್ಟ ಆಯ್ತು. ಸ್ಟೇಷನ್ನಿಂದ ನಡ್ಕೊಂಡೇ ಹೋಗ್ಬೋದು, ಮುರುಕಲು ಕೋಟೆ ಪಕ್ಕ ಸೇತುವೆ ಹತ್ತಿ ಅಸ್ಕ್ ನದಿ ದಾಟಿದ್ರೆ ಬಂತು. ಅಸ್ಕ್ ನದೀಲಿ ನೀರಿಳಿದಾಗ ಎರಡೂ ದಡದಲ್ಲಿ ಚಾಕೊಲೇಟ್ ಕರಗಿಸಿ ಸುರಿದಂಗೆ ಹೊಳೆಯೋ ಕೆಸರು ಕಾಣತ್ತೆ, ನಾನಂತೂ ಸೇತುವೆ ಮೇಲೆ ಐದು ನಿಮಿಷ ನಿಂತ್ಕೊಂಡೆ. ರಾಡ್ನಿ ಪರೇಡ್ ಅಸಲಿಗೆ ರಗ್ಬಿ ಗ್ರೌಂಡು, ಶುರುವಾಗಿದ್ದು 1877ರಲ್ಲಿ, ಕಪ್ಪಿಗೂ ಗ್ರೌಂಡಿಗೂ ಒಂದೇ ವಯಸ್ಸು.

ಮ್ಯಾಚ್ ರಿಪೋರ್ಟ್ ನಾನ್ ಬರೆಯಲ್ಲ, ಸ್ಕೋರ್ ಹೇಳ್ತೀನಿ, ನೊಮ್ಯಾಡ್ಸ್ 2, ಟಿಎನ್‌ಎಸ್ 1. ಹೌದು. ಲೀಗಲ್ಲಿ ಯಾರ ಕೈಲೂ ಸೋಲದೋರು ಇಲ್ಲಿ ಸೋತ್ರು. ನಾನು ಕೂತಿದ್ದ ಸಾಲಲ್ಲಿ ಎರಡು ಸೀಟ್ ಪಕ್ಕ ಒಬ್ಬ ತಾತ, ನೊಮ್ಯಾಡ್ಸ್ ಸ್ಕಾರ್ಫು, ಪಕ್ಕದಲ್ಲಿ ಮೊಮ್ಮಗಳಿರ್ಬೇಕು, ಹನ್ನೆರಡು ಹದಿಮೂರು ವರ್ಷ. ಮ್ಯಾಚ್ ಶುರುವಾಗಕ್ ಮುಂಚೆ ಜೇಬಿಂದ ಒಂದು ಪೆಪ್ಪರ್‌ಮೆಂಟ್ ತೆಗೆದು ಕಾಗದ ಬಿಚ್ಚಕ್ ಶುರು ಮಾಡ್ದ. ಕೊನೇ ಹತ್ತು ನಿಮಿಷದಲ್ಲಿ ತಿರುಗಿ ನೋಡ್ತೀನಿ, ಅದೇ ಪೆಪ್ಪರ್‌ಮೆಂಟು ಇನ್ನೂ ಕೈಲೇ ಇದೆ, ಕಾಗದ ಪೂರ್ತಿ ತಿರುಚಿ ದಾರ ಆಗೋಗಿದೆ. ಮೊಮ್ಮಗಳು ಗಡಿಯಾರ ನೋಡಿ ನಿಮಿಷ ಹೇಳ್ತಿದ್ಲು, ಈಯಪ್ಪ ಹೇಳ್ಬೇಡ ಹೇಳ್ಬೇಡ ಅಂತ ಕೈ ಆಡಿಸ್ತಿದ್ದ. ಕೊನೇ ವಿಸಿಲ್ ಆದಾಗ ಎಲ್ರೂ ಹಾರಿ ಕುಣೀತಿದ್ರೆ ಆತ ಮಾತ್ರ ಕೂತ್ಕೊಂಡ, ಆಮೇಲೆ ನಿಧಾನಕ್ಕೆ ಆ ಪೆಪ್ಪರ್‌ಮೆಂಟ್ ಬಾಯಿಗ್ ಹಾಕ್ಕೊಂಡ. ಈ ಕ್ಲಬ್ಬಿಗೂ ನಂಗೂ ಏನೂ ಸಂಬಂಧ ಇಲ್ಲ, ಬೆಳಿಗ್ಗೆವರೆಗೂ ಬರೋದೇ ಡೌಟಿತ್ತು, ಆದ್ರೂ ಗಂಟಲು ಕಟ್ಟಿದಂಗಾಯ್ತು.

ನೊಮ್ಯಾಡ್ಸ್‌ಗೆ ಇದು ಎರಡ್ನೇ ವೆಲ್ಶ್ ಕಪ್ಪು, ಮೊದಲ್ನೇದು 2018ರಲ್ಲಿ, ಅಬೆರಿಸ್ಟ್ವಿತ್ ಮೇಲೆ 4-1. ಹೋಗ್ತಾ ಟಿಎನ್‌ಎಸ್ ಫ್ಯಾನ್ ಒಬ್ಬ ಟಾಯ್ಲೆಟ್ ಕ್ಯೂನಲ್ಲಿ ನನ್ ಹಿಂದೆ ನಿಂತಿದ್ದ, ಇಡೀ ವರ್ಷ ಗೆದ್ವಿ ಯಾರೂ ಕೇಳ್ಲಿಲ್ಲ, ಒಂದಿನ ಸೋತ್ವಿ ಇವತ್ತು ದೇಶ ಎಲ್ಲ ಮಾತಾಡತ್ತೆ ಅಂದ. ಪಾಪ ಅನ್ನಿಸ್ತು, ಸ್ವಲ್ಪ ಹೊತ್ತು ಮಾತ್ರ.

ಅವ್ರಿಗೇನೂ ಲಾಸ್ ಆಗ್ಲಿಲ್ಲ ಬಿಡಿ. ಅದೇ ವರ್ಷ ಶರತ್ಕಾಲದಲ್ಲಿ ಕಾನ್ಫರೆನ್ಸ್ ಲೀಗಿನ ಮೇನ್ ಹಂತಕ್ಕೆ ಹೋದ್ರು, ವೆಲ್ಶ್ ಲೀಗಿಂದ ಅಷ್ಟು ದೂರ ಹೋದ ಮೊದಲ್ನೇ ಟೀಮು, ಇಟಲಿಯ ಫಿಯೊರೆಂಟಿನಾ ಜೊತೆ ಆಡಿದ್ರು, ಕಜಕಸ್ತಾನದ ಅಸ್ತಾನಾನ ಸೋಲಿಸಿದ್ರು. 2025ರ ವೆಲ್ಶ್ ಕಪ್ ಫೈನಲಿಗೆ ಮತ್ತೆ ಅದೇ ಎರಡು ಟೀಮು, ಮತ್ತೆ ಅದೇ ರಾಡ್ನಿ ಪರೇಡು, ಮತ್ತೆ ಅದೇ 2-1, ಈ ಸಲ ಗೆದ್ದಿದ್ದು ಟಿಎನ್‌ಎಸ್. ಸ್ವಾನ್ಸೀ ಥರ ಇವ್ರದ್ದೂ ಅಲ್ಲಿಗೆ 10 ಕಪ್ ಆಯ್ತು. ಜಾಗ ಬದಲಾಯಿಸ್ರಪ್ಪ ಅಂತ ಕಳೆದ ಸಲನೇ ಹೇಳಿದ್ದೆ, ನನ್ ಮಾತು ಯಾರ್ ಕೇಳ್ತಾರೆ.

ಹೋಗೋ ಪ್ಲಾನಿದ್ರೆ ಫೈನಲಿಗೆ ಕಾಯ್ಬೇಡಿ, ಅಕ್ಟೋಬರ್ ನವೆಂಬರ್ ರೌಂಡಿಗೇ ಹೋಗಿ. ಮೊದಮೊದಲ ರೌಂಡ್‌ಗಳಲ್ಲಿ ಉತ್ತರದೋರು ಉತ್ತರದಲ್ಲೇ ದಕ್ಷಿಣದೋರು ದಕ್ಷಿಣದಲ್ಲೇ ಅಂತ ಏರಿಯಾ ಪ್ರಕಾರ ಲಾಟ್ ಎತ್ತುತಾರೆ, ನಿಮ್ಮನೆ ಹತ್ರದ್ದೇ ಯಾವ್ದಾದ್ರೂ ಸಿಗತ್ತೆ. ಕ್ಯಾಶ್ ಇಟ್ಕೊಳ್ಳಿ, ಎರಡು ಜೊತೆ ಸಾಕ್ಸ್ ಹಾಕ್ಕೊಳ್ಳಿ, ಮಳೆ ಇದ್ರೆ ಹೊರಡೋಕ್ ಮುಂಚೆ ಕ್ಲಬ್ಬಿಗೆ ಫೋನೇ ಮಾಡಿ, ಪೇಜ್ ನಂಬ್ಬೇಡಿ. ಕಾರನ್ನ ಗೋಲ್ ಹಿಂದೆ ನಿಲ್ಲಿಸ್ಬೇಡಿ.

2024ರ ಫೈನಲ್ ದಿನ ವಾಪಸ್ ರೈಲಲ್ಲಿ ಕೂತ್ಕೊಂಡು, ನೊಮ್ಯಾಡ್ಸ್ ಹುಡುಗ್ರು ಕಪ್ ಎತ್ತಿರೋ ಫೋಟೋನ ಫ್ರೆಂಡ್ಸ್ ಗ್ರೂಪಿಗ್ ಹಾಕ್ದೆ, ಇತಿಹಾಸ ಆಗೋಯ್ತು ಇವತ್ತು ಅಂತ ದೊಡ್ಡದಾಗಿ ಬರೆದು. ಎರಡೇ ನಿಮಿಷಕ್ಕೆ ರಿಪ್ಲೈ ಬಂತು: ಸೂಪರ್ ಗುರು, ರೆಕ್ಸಮ್ ಗೆದ್ರಾ?